ಬರೆಯದೆ ಉಳಿದ ಗ್ರಂಥ: ಎರ್ನ್ಸ್ಟ್ ಅಬ್ಬೆಯ ಜೀವನ

ಯಾವುದೇ ದೊಡ್ಡ ಪುಸ್ತಕ ಭಂಡಾರದಲ್ಲಿ ಅರ್ಥಶಾಸ್ತ್ರದ ಕಪಾಟು ಒಂದು ಮೂಲೆಯಲ್ಲಿದ್ದರೆ ಭೌತಶಾಸ್ತ್ರದ ಕಪಾಟು ಇನ್ನೊಂದು ಮೂಲೆಯಲ್ಲಿರುತ್ತದೆ. ಕಲಾ ವಿಭಾಗದವರಾದ ನಮಗೆ ಆ ಇನ್ನೊಂದು ಮೂಲೆಯಲ್ಲಿ ಕೆಲಸವಿಲ್ಲವೆಂದು ನಾವೇ ತೀರ್ಮಾನಿಸಿಕೊಂಡಿದ್ದೇವೆ. ಆದರೆ ಎರಡು ಕಪಾಟುಗಳಲ್ಲೂ ಕಾಣಸಿಗುವ ಹೆಸರೊಂದಿದೆ. ಕಾರ್ಮಿಕರ ದುಡಿಮೆಯ ಅವಧಿಯ ಚರಿತ್ರೆಯನ್ನು ಬರೆದವರು, ಯಾವ ಕಾನೂನಿನ ಒತ್ತಾಯವೂ ಇಲ್ಲದೆ 1900ರಲ್ಲಿಯೇ ದಿನಕ್ಕೆ ಎಂಟು ಗಂಟೆಯ ಕೆಲಸವನ್ನು ಜಾರಿಗೆ ತಂದ ಕಾರ್ಖಾನೆಯೊಂದರ ಪ್ರಸ್ತಾಪ ಮಾಡುವಾಗ ಆ ಹೆಸರನ್ನು ಹೇಳುತ್ತಾರೆ. ಬೆಳಕಿನ ಸಹಾಯದಿಂದ ಚಿತ್ರಗಳನ್ನೂ ಸಂಕೇತಗಳನ್ನೂ ಸಂಸ್ಕರಿಸುವ ವಿದ್ಯೆಯನ್ನು ಕುರಿತ ದಪ್ಪ ಗ್ರಂಥಗಳಲ್ಲಿ, ಆ ವಿದ್ಯೆಯ ಮೂಲವನ್ನು ಹೇಳುವ ಪುಟಗಳಲ್ಲಿ, ಅದೇ ಹೆಸರು ಮತ್ತೆ ಬರುತ್ತದೆ. ಇಬ್ಬರೂ ಬೇರೆ ಬೇರೆ ಮನುಷ್ಯರಿರಬೇಕೆಂದು ಯಾರಾದರೂ ಎಣಿಸಿದರೆ ಅದು ಸಹಜವೇ. ಅಲ್ಲ, ಒಬ್ಬನೇ. ಜರ್ಮನಿಯ ಎರ್ನ್ಸ್ಟ್ ಅಬ್ಬೆ. ಹಳಗನ್ನಡದಲ್ಲಿ ಅಬ್ಬೆಯೆಂದರೆ ತಾಯಿ. ಹೋಲಿಕೆ ಆಕಸ್ಮಿಕವಾದುದು, ಆದರೂ ಹೆಸರು ನೆನಪಿನಲ್ಲಿ ನಿಲ್ಲಲು ನಮಗೆ ನೆರವಾಗುತ್ತದೆ.

ಅಬ್ಬೆ ಹುಟ್ಟಿದುದು 1840ರ ಜನವರಿ 23ರಂದು, ತುರಿಂಗಿಯಾ ಸೀಮೆಯ ಐಸೆನಾಖ್ ಎಂಬ ಊರಿನಲ್ಲಿ. ತಂದೆ ನೂಲಿನ ಗಿರಣಿಯಲ್ಲಿ ಕೂಲಿಯವನು. ಮುಂದೆ ಅಲ್ಲಿಯೇ ಮೇಸ್ತ್ರಿಯಾದವನು. ಗಿರಣಿಯಲ್ಲಿ ಕೆಲಸ ಕಡಮೆಯಿದ್ದ ದಿನ 14 ಗಂಟೆ, ಸಾಮಾನ್ಯ ದಿನ 15 ಗಂಟೆ, ಒತ್ತಡ ಹೆಚ್ಚಿದ ದಿನ 16 ಗಂಟೆ ಆತ ಯಂತ್ರದ ಮುಂದೆ ನಿಂತಿರಬೇಕಾಗಿತ್ತು. ಊಟಕ್ಕೆಂದು ಬಿಡುವಿರಲಿಲ್ಲ. ಮಧ್ಯಾಹ್ನದ ಊಟವನ್ನು ಮನೆಯಿಂದ ಮಕ್ಕಳು ತರುತ್ತಿದ್ದರು. ಐದು ವರ್ಷದಿಂದ ಒಂಬತ್ತು ವರ್ಷದವರೆಗೆ ಎರ್ನ್ಸ್ಟನೂ ಅವನಿಗಿಂತ ಒಂದು ವರ್ಷ ಚಿಕ್ಕವಳಾದ ತಂಗಿಯೂ ಸರದಿಯಂತೆ ಆ ಊಟದ ಪಾತ್ರೆಯನ್ನು ಹೊತ್ತುಕೊಂಡು ಹೋಗುತ್ತಿದ್ದರು. ತಂದೆಯು ಯಂತ್ರಕ್ಕೆ ಒರಗಿಯೋ ಪೆಟ್ಟಿಗೆಯೊಂದರ ಮೇಲೆ ಬಾಗಿಯೋ ಅವಸರದಲ್ಲಿ ಉಂಡು, ಬರಿದಾದ ಪಾತ್ರೆಯನ್ನು ಮಗನ ಕೈಗೆ ಕೊಟ್ಟು, ಒಡನೆಯೇ ಕೆಲಸಕ್ಕೆ ತಿರುಗುತ್ತಿದ್ದ. ಅಬ್ಬೆ ತನ್ನ ಅರವತ್ತನೆಯ ವಯಸ್ಸಿನ ಹೊತ್ತಿಗೆ ಸಭೆಯೊಂದರಲ್ಲಿ ಇದನ್ನು ನೆನೆದು ಹೇಳಿದನು. ತಂದೆ ತನಗಿಂತ ಎತ್ತರದ, ಕಸುವುಳ್ಳ ಆಳಾಗಿದ್ದರೂ ನಲವತ್ತೆಂಟು ವರ್ಷಕ್ಕೆ ನಡೆಯಲ್ಲಿಯೂ ನೋಟದಲ್ಲಿಯೂ ಮುದುಕನಾಗಿಬಿಟ್ಟಿದ್ದನೆಂಬ ಮಾತನ್ನು ಆತನು ಅಲ್ಲಿ ಆಡಿದನು. ಮಗ್ಗದ ಮನೆಯಲ್ಲಿ ಬೆಳೆದ ನನ್ನಂಥವರಿಗೆ ಈ ಸಂಗತಿಗೆ ವ್ಯಾಖ್ಯಾನ ಬೇಕಾಗಿಲ್ಲ.

ಗಿರಣಿಯ ಒಡೆಯನಿಗೆ ಹುಡುಗನ ಬುದ್ಧಿ ಕಣ್ಣಿಗೆ ಬಿತ್ತು. ಅವನ ಸಹಾಯದಿಂದಲೇ ಎರ್ನ್ಸ್ಟ್ ಪ್ರೌಢಶಾಲೆಯನ್ನು ಮುಗಿಸುವಂತಾಯಿತು. ತಂದೆಯ ಹದಿನಾರು ಗಂಟೆಯ ದುಡಿಮೆಯಿಂದ ಲಾಭ ಪಡೆಯುತ್ತಿದ್ದ ಕೈಯೇ ಮಗನ ಶಾಲೆಗೂ ನೆರವಾದುದನ್ನು ಇಲ್ಲಿ ಗಮನಿಸಬೇಕು. ಆ ಒಡೆಯ ಕೆಟ್ಟವನೆಂದು ಹೇಳುವುದು ನನ್ನ ಉದ್ದೇಶವಲ್ಲ. ನೆರವಾಗದ ಒಡೆಯರೇ ಲೋಕದಲ್ಲಿ ಹೆಚ್ಚು. ಆದರೆ ದಯೆಯಿಂದ ಸಿಕ್ಕಿದುದಕ್ಕೂ ಹಕ್ಕಿನಿಂದ ಸಿಕ್ಕುವುದಕ್ಕೂ ಇರುವ ಅಂತರವನ್ನು ಈ ಹುಡುಗನು ತೀರ ಹತ್ತಿರದಿಂದ ನೋಡಿದನು. ಮುಂದೆ ಆತನು ಮಾಡಿದ ಕೆಲಸಕ್ಕೆ ಇದೇ ಬೀಜವೆಂದು ನನಗೆ ತೋರುತ್ತದೆ.

1857ರಲ್ಲಿ ಆತ ಯೇನಾ ವಿಶ್ವವಿದ್ಯಾನಿಲಯವನ್ನು ಸೇರಿ ಎರಡು ವರ್ಷ ಗಣಿತವನ್ನೂ ಭೌತಶಾಸ್ತ್ರವನ್ನೂ ಓದಿದನು. ಬಳಿಕ ಗಟಿಂಗೆನ್. ಅಲ್ಲಿ ಗಣಿತಜ್ಞ ರೀಮಾನ್, ಭೌತವಿಜ್ಞಾನಿ ವಿಲ್ಹೆಲ್ಮ್ ವೇಬರ್ ಇಂಥ ಗುರುಗಳು ದೊರೆತರು. 1861ರಲ್ಲಿ ಡಾಕ್ಟರ್ ಪದವಿ ಬಂತು. ಸ್ವಲ್ಪ ಕಾಲ ಫ್ರಾಂಕ್‌ಫರ್ಟಿನಲ್ಲಿ ಪಾಠ ಹೇಳಿ, 1863ರಲ್ಲಿ ಯೇನಾಕ್ಕೆ ಉಪನ್ಯಾಸಕನಾಗಿ ಹಿಂದಿರುಗಿದನು. ಆಗಿನ ಜರ್ಮನಿಯ ಪದ್ಧತಿಯಲ್ಲಿ ಹೊಸ ಉಪನ್ಯಾಸಕನಿಗೆ ಸರಕಾರದ ಸಂಬಳವಿರುತ್ತಿರಲಿಲ್ಲ. ಪಾಠಕ್ಕೆ ಬರುವ ವಿದ್ಯಾರ್ಥಿಗಳು ಕೊಟ್ಟ ಶುಲ್ಕವೇ ಜೀವನಾಧಾರ. ಗಣಿತದ ಪಾಠಕ್ಕೆ ಎಷ್ಟು ಮಂದಿ ಬಂದಾರು! ಪದವಿಯನ್ನೇನೋ ಪಡೆದಾಯಿತು, ಮುಂದೆ ಹೊಟ್ಟೆಗೇನು ಎಂಬ ಪ್ರಶ್ನೆ ಇಪ್ಪತ್ಮೂರು ವರ್ಷದ ಆ ಯುವಕನಿಗೂ ಇತ್ತು.

ಅದೇ ಊರಿನಲ್ಲಿ ಕಾರ್ಲ್ ಝೈಸ್ ಎಂಬಾತ 1846ರಿಂದ ಸೂಕ್ಷ್ಮದರ್ಶಕಗಳನ್ನು ತಯಾರಿಸುವ ಕಾರ್ಯಾಗಾರವೊಂದನ್ನು ನಡೆಸುತ್ತಿದ್ದನು. ವಿಶ್ವವಿದ್ಯಾನಿಲಯದ ಉಪಕರಣಗಳ ದುರಸ್ತಿಯೂ ಅವನದೇ. 1866ರ ವೇಳೆಗೆ ಆ ಕಾರ್ಯಾಗಾರದಿಂದ ಸಾವಿರ ಸೂಕ್ಷ್ಮದರ್ಶಕಗಳು ಹೊರಬಿದ್ದಿದ್ದುವು. ಆದರೂ ಝೈಸನಿಗೆ ತೃಪ್ತಿಯಿಲ್ಲ. ಏಕೆಂದರೆ ಆ ಕಾಲದಲ್ಲಿ ಸೂಕ್ಷ್ಮದರ್ಶಕದ ಮಸೂರವನ್ನು ಲೆಕ್ಕದಿಂದ ಮಾಡುತ್ತಿರಲಿಲ್ಲ. ಒಂದು ಮಸೂರವನ್ನು ಉಜ್ಜಿ, ಇನ್ನೊಂದರ ಜೊತೆಗಿಟ್ಟು ನೋಡಿ, ಸರಿಬಾರದಿದ್ದರೆ ತೆಗೆದು, ಮತ್ತೊಂದನ್ನು ಇಟ್ಟು, ಹೀಗೆ ಸರಿಬರುವ ತನಕ ಪರೀಕ್ಷಿಸುತ್ತ ಹೋಗುವುದು. ಇದೇ ಯೂರೋಪಿನ ಎಲ್ಲ ತಯಾರಕರ ಕ್ರಮ. ಅಡುಗೆಯಲ್ಲಿ ಕೈಯಳತೆ ಇದ್ದಹಾಗೆ. ಕೈಪಳಗಿದವನು ಒಳ್ಳೆಯ ಮಸೂರ ಮಾಡಿಯಾನು, ಆದರೆ ಅದು ಏಕೆ ಒಳ್ಳೆಯದಾಯಿತೆಂದು ಹೇಳಲಾರ; ಅಂಥದೇ ಇನ್ನೊಂದನ್ನು ಮಾಡುವ ಭರವಸೆಯನ್ನೂ ಕೊಡಲಾರ. ಇದಕ್ಕೆ ಗಣಿತದ ತಳಹದಿ ಬೇಕೆಂದು ಝೈಸ್ ಹಂಬಲಿಸಿ, 1866ರಲ್ಲಿ ಅಬ್ಬೆಯ ನೆರವನ್ನು ಕೇಳಿದನು. ಹೆಚ್ಚು ಓದದ ಕಸುಬುದಾರನೊಬ್ಬನು ತನ್ನ ಕಸುಬಿನ ಕೊರತೆಯನ್ನು ತಾನೇ ಕಂಡು, ತನ್ನ ಅರ್ಧ ವಯಸ್ಸಿನ ಉಪನ್ಯಾಸಕನ ಬಳಿಗೆ ಹೋದನಲ್ಲ, ಈ ಕಥೆಯಲ್ಲಿ ಝೈಸನಿಗೆ ಸಲ್ಲಬೇಕಾದ ಗೌರವ ಅದು.

ಅಬ್ಬೆ ಲೆಕ್ಕ ಹಾಕಿದನು. ಮಸೂರದ ಅಂಚಿನಿಂದ ಬರುವ ಕಿರಣಗಳು ಒಂದೇ ಬಿಂದುವಿನಲ್ಲಿ ಸೇರದೆ ಬಿಂಬವನ್ನು ಕೆಡಿಸುತ್ತವೆಂಬುದು ಎಲ್ಲರೂ ತಿಳಿದಿದ್ದ ವಿಷಯ. ಹಾಗಾದರೆ ಅಂಚಿನ ಕಿರಣಗಳನ್ನೇ ತಡೆದು, ಮಸೂರದ ಬಾಯಿಯನ್ನು ಕಿರಿದು ಮಾಡಿದರೆ ಬಿಂಬ ಸ್ಪಷ್ಟವಾಗಬೇಕಲ್ಲವೆ? ಲೆಕ್ಕವೂ ಹಾಗೆಯೇ ಹೇಳಿತು. ಆ ಲೆಕ್ಕದಂತೆ ಮಸೂರಗಳನ್ನು ತಯಾರಿಸಿದರು. ಕಣ್ಣಿಟ್ಟು ನೋಡಿದರೆ, ಕೈಯಳತೆಯಲ್ಲಿ ಮಾಡಿದ ಹಳೆಯ ಮಸೂರಗಳಿಗಿಂತಲೂ ಇವು ಕಡೆ! ಕಿರಣಗಳೆಲ್ಲ ನಿಯಮದಂತೆ ಸೇರುತ್ತಿವೆ. ಆದರೆ ಹಳೆಯ ಮಸೂರದಲ್ಲಿ ಬಿಡಿಬಿಡಿಯಾಗಿ ಕಾಣುತ್ತಿದ್ದ ಸೂಕ್ಷ್ಮ ಗೆರೆಗಳು ಇಲ್ಲಿ ಮಸಕಾಗಿ ಒಂದಾಗಿಬಿಟ್ಟಿವೆ.

ಅಳುಕಿದವನಾದರೆ ಇಲ್ಲಿಗೆ ಕೈಬಿಡುತ್ತಿದ್ದನು. ಹಣ ಹಾಕುತ್ತಿದ್ದವನು ಝೈಸ್. ಅವನು ಕೈಬಿಟ್ಟಿದ್ದರೂ ಯಾರೂ ತಪ್ಪೆನ್ನುತ್ತಿರಲಿಲ್ಲ. ಇಬ್ಬರೂ ಬಿಡಲಿಲ್ಲ. ಮಸೂರದಲ್ಲಿ ದೋಷವಿಲ್ಲದಿದ್ದರೆ ದೋಷವು ತಮ್ಮ ತಿಳಿವಳಿಕೆಯಲ್ಲಿರಬೇಕೆಂದು ಅಬ್ಬೆ ನಿಶ್ಚಯಿಸಿ, ಬಿಂಬವೆಂಬುದು ಹೇಗೆ ಮೂಡುತ್ತದೆಂಬ ಪ್ರಶ್ನೆಯನ್ನೇ ಬುಡದಿಂದ ಕೇಳಿಕೊಂಡನು.

ಇದಕ್ಕಾಗಿ ಆತನು ಮಾಡಿದ ಪ್ರಯೋಗವನ್ನು ಸ್ವಲ್ಪ ವಿವರವಾಗಿಯೇ ಹೇಳಬೇಕು. ವಿಜ್ಞಾನದ ವಿದ್ಯಾರ್ಥಿಗಳಲ್ಲದವರೂ ದಯವಿಟ್ಟು ಪುಟ ಮಗುಚಬಾರದು. ಇದರಲ್ಲಿ ಕಣ್ಣಿಗೆ ಕಾಣದ ಯಾವುದೂ ಇಲ್ಲ. ಬೆಳ್ಳಿಯ ಲೇಪವಿರುವ ಗಾಜಿನ ಮೇಲೆ ಸಮಾನ ಅಂತರದಲ್ಲಿ ಬಹಳ ಸಣ್ಣ ಗೆರೆಗಳನ್ನು ಗೀಚಿ ಸೂಕ್ಷ್ಮದರ್ಶಕದ ಕೆಳಗಿಡುವುದು. ಕೆಳಗಿನಿಂದ ಬೆಳಕನ್ನು ಬಿಟ್ಟು ಮೇಲಿನಿಂದ ನೋಡಿದರೆ ಗೆರೆಗಳು ದೊಡ್ಡದಾಗಿ ಕಾಣುತ್ತವೆ. ಇದು ಎಲ್ಲರಿಗೂ ಗೊತ್ತು. ಈಗ ಕಣ್ಣಿನ ಬಳಿಯ ಮಸೂರವನ್ನು ತೆಗೆದು ನಳಿಕೆಯೊಳಕ್ಕೆ ಇಣುಕಬೇಕು. ಅಲ್ಲಿ ಗೆರೆಗಳೇ ಇಲ್ಲ! ಅವುಗಳ ಬದಲು, ಕೆಳಗಿನ ಮಸೂರದ ಹಿಂಭಾಗದಲ್ಲಿ ಬೆಳಕಿನ ಚುಕ್ಕೆಗಳ ಒಂದು ಸಾಲು: ನಡುವೆ ಒಂದು ಉಜ್ವಲವಾದ ಚುಕ್ಕೆ, ಅದರ ಎರಡು ಪಕ್ಕಗಳಲ್ಲಿ ಸಮಾನ ದೂರದಲ್ಲಿ ಬಣ್ಣದ ಅಂಚುಳ್ಳ ಚುಕ್ಕೆಗಳು. ಗೆರೆಗಳ ನಡುವೆ ನುಸುಳಿದ ಬೆಳಕು ನೇರವಾಗಿ ಹೋಗುವುದಲ್ಲದೆ ಪಕ್ಕಕ್ಕೂ ಬಾಗುವುದರಿಂದ ಈ ಚುಕ್ಕೆಗಳು ಉಂಟಾಗುತ್ತವೆ. ಇದಕ್ಕೆ ವಿವರ್ತನೆಯೆಂದು ಹೆಸರು. ಗೆರೆಗಳು ದಟ್ಟವಾದಷ್ಟೂ ಚುಕ್ಕೆಗಳು ನಡುವಿನಿಂದ ದೂರ ಸರಿಯುತ್ತವೆ.

ಈಗ ತಗಡಿನ ಚೂರೊಂದರಿಂದ ಪಕ್ಕದ ಚುಕ್ಕೆಗಳನ್ನೆಲ್ಲ ಮರೆಮಾಡಿ, ನಡುವಿನದೊಂದನ್ನೇ ಉಳಿಸಿ, ಮೇಲಿನ ಮಸೂರವನ್ನು ಮತ್ತೆ ಇಟ್ಟು ನೋಡಬೇಕು. ಬೆಳಕಿದೆ, ಗಾಜಿದೆ, ಗೀಚಿದ ಗೆರೆಗಳು ಇದ್ದಲ್ಲಿಯೇ ಇವೆ. ಕಣ್ಣಿಗೆ ಕಾಣುವುದು ಮಾತ್ರ ಬರಿಯ ಬೆಳಕು, ಒಂದು ಗೆರೆಯೂ ಇಲ್ಲ. ಪಕ್ಕದ ಒಂದೊಂದು ಚುಕ್ಕೆಯನ್ನು ಬಿಟ್ಟೊಡನೆ ಗೆರೆಗಳು ಮರಳಿ ಬರುತ್ತವೆ. ಇನ್ನೂ ವಿಚಿತ್ರವಾದುದು ಮುಂದಿದೆ. ನಡುವಿನ ಚುಕ್ಕೆಯಿಂದ ಎಣಿಸಿ, ಒಂದು ಬಿಟ್ಟು ಒಂದು ಚುಕ್ಕೆಯನ್ನು ಮರೆಮಾಡಿದರೆ, ಕಾಣುವ ಗೆರೆಗಳ ಸಂಖ್ಯೆ ಇಮ್ಮಡಿಯಾಗುತ್ತದೆ! ಗಾಜಿನ ಮೇಲೆ ಇಲ್ಲದ ಗೆರೆಗಳನ್ನು ಕಣ್ಣು ಕಾಣುತ್ತದೆ. ಏಕೆಂದರೆ ದೂರದೂರದ ಚುಕ್ಕೆಗಳು ದಟ್ಟವಾದ ಗೆರೆಗಳಿಗೆ ಗುರುತು. ನಡುವಣ ಚುಕ್ಕೆಗಳನ್ನು ನಾವು ಕದ್ದುಬಿಟ್ಟರೆ ಬಿಂಬಕ್ಕೆ ಬೇರೆ ಸಾಕ್ಷ್ಯವೇ ಉಳಿಯುವುದಿಲ್ಲ.

ಅಬ್ಬೆ ಕಂಡುಕೊಂಡ ಸತ್ಯವಿದು: ಮಸೂರವು ವಸ್ತುವನ್ನು ನೇರವಾಗಿ ನಕಲು ಮಾಡುವುದಿಲ್ಲ. ಮೊದಲು ಬೆಳಕು ವಸ್ತುವಿನ ವಿವರಗಳನ್ನು ಬಿಡಿಸಿ, ದಟ್ಟವಾದುದನ್ನು ದೂರಕ್ಕೂ ವಿರಳವಾದುದನ್ನು ಹತ್ತಿರಕ್ಕೂ ಹಂಚುತ್ತದೆ. ಬಳಿಕ ಹಂಚಿದುದೆಲ್ಲ ಮತ್ತೆ ಕೂಡಿ ಬಿಂಬವಾಗುತ್ತದೆ. ಹಂಚಿಕೆಯಲ್ಲಿ ಮಸೂರದ ಹೊರಗೆ ಬಿದ್ದುಹೋದ ಪಾಲು ಬಿಂಬಕ್ಕೂ ಸೇರದು. ಬಾಯಿ ಕಿರಿದಾದ ತನ್ನ ಮಸೂರಗಳು ಏಕೆ ಸೋತವೆಂಬುದು ಈಗ ಆತನಿಗೆ ತಿಳಿಯಿತು. ಅವು ತಡೆದುದು ಕೆಟ್ಟ ಕಿರಣಗಳನ್ನಲ್ಲ, ಸೂಕ್ಷ್ಮ ಗೆರೆಗಳ ಸುದ್ದಿಯನ್ನೇ. ಇದರಿಂದ ಇನ್ನೊಂದು ಸತ್ಯವೂ ಹೊರಟಿತು. ಮಸೂರವನ್ನು ಎಷ್ಟು ಚೆನ್ನಾಗಿ ಉಜ್ಜಿದರೂ, ಬೆಳಕಿನ ತರಂಗದೂರದ ಸುಮಾರು ಅರ್ಧಕ್ಕಿಂತ ಹತ್ತಿರದಲ್ಲಿರುವ ಎರಡು ಗೆರೆಗಳನ್ನು ಸೂಕ್ಷ್ಮದರ್ಶಕವು ಬೇರೆಬೇರೆಯಾಗಿ ತೋರಿಸಲಾರದು. ಕಣ್ಣಿಗೆ ಕಾಣುವ ಬೆಳಕಿನಲ್ಲಿ ಇದು ಮಿಲಿಮೀಟರಿನ ಐದು ಸಾವಿರದಲ್ಲಿ ಒಂದು ಪಾಲಿನಷ್ಟು. ಪಿ.ಯು.ಸಿ. ಪ್ರಯೋಗಶಾಲೆಯಲ್ಲಿ ಸೂಕ್ಷ್ಮದರ್ಶಕದ ಮಸೂರದ ಮೇಲೆ 40 ಎಂಬ ಅಂಕೆಯ ಪಕ್ಕದಲ್ಲಿ 0.65 ಎಂಬ ಇನ್ನೊಂದು ಅಂಕೆ ಕೊರೆದಿರುವುದನ್ನು ಹಲವರು ನೋಡಿರಬಹುದು. ಮೊದಲನೆಯದು ಎಷ್ಟು ಪಾಲು ದೊಡ್ಡದಾಗಿ ತೋರಿಸುತ್ತದೆಂಬುದು. ಎರಡನೆಯದು ಆ ಮಸೂರವು ಎಷ್ಟು ಅಗಲದ ಬೆಳಕನ್ನು ಬಾಚಿಕೊಳ್ಳಬಲ್ಲುದೆಂಬುದು. ಎರಡನೆಯ ಅಂಕೆಯ ಕಲ್ಪನೆ ಅಬ್ಬೆಯದು.

ಈ ಸಂಗತಿಗಳನ್ನು ಆತ 1873ರಲ್ಲಿ ಒಂದು ಅಂಗರಚನಾಶಾಸ್ತ್ರದ ಪತ್ರಿಕೆಯಲ್ಲಿ ಪ್ರಕಟಿಸಿದನು. ಲೇಖನದಲ್ಲಿ ಸಮೀಕರಣಗಳಿರಲಿಲ್ಲ, ಎಲ್ಲವನ್ನೂ ಮಾತಿನಲ್ಲಿಯೇ ಹೇಳಿ, ಗಣಿತದ ಪೂರ್ಣ ನಿರೂಪಣೆಯನ್ನು ಬೇರೆಯಾಗಿ ಕೊಡುವೆನೆಂದು ಓದುಗರಿಗೆ ಭರವಸೆಯಿತ್ತನು. ಮುಂದಿನ ವರ್ಷ ಹೆಲ್ಮ್‌ಹೋಲ್ಟ್ಸ್ ಎಂಬ ಮಹಾವಿಜ್ಞಾನಿಯು ಸ್ವತಂತ್ರವಾಗಿಯೇ ಅದೇ ಮಿತಿಯನ್ನು ಪ್ರತಿಪಾದಿಸಿದನು. ಅಬ್ಬೆಯ ಯೋಗ್ಯತೆಯನ್ನು ಮನಗಂಡ ಆತನೇ 1878ರಲ್ಲಿ ಬರ್ಲಿನ್ನಿನಲ್ಲಿ ಪ್ರಾಧ್ಯಾಪಕ ಹುದ್ದೆಗೂ ಕರೆದನು. ಅಬ್ಬೆ ಹೋಗಲಿಲ್ಲ. ಭರವಸೆಯಿತ್ತ ಗ್ರಂಥವನ್ನೂ ಬರೆಯಲಿಲ್ಲ.

ಬರೆಯದೆ ಉಳಿದ ಆ ಗ್ರಂಥದಿಂದ ಎಷ್ಟು ಗ್ರಂಥಗಳು ಹುಟ್ಟಿದುವೆಂಬುದನ್ನು ಹೇಳಲು ಇಲ್ಲಿ ಕಾಲಕ್ರಮವನ್ನು ಬಿಟ್ಟು ಸ್ವಲ್ಪ ಮುಂದೆ ಹೋಗಬೇಕಾಗಿದೆ. ಮಸೂರದ ಹಿಂದೆ ಮೂಡುವ ಆ ಚುಕ್ಕೆಗಳ ಸಾಲು, ಫ್ರಾನ್ಸಿನ ಗಣಿತಜ್ಞ ಫೂರಿಯರ್ 1822ರಲ್ಲಿ ಪ್ರಕಟಿಸಿದ ಗಣಿತದ ಪ್ರತ್ಯಕ್ಷ ರೂಪವೆಂದು ನಂತರದವರು ಸ್ಪಷ್ಟವಾಗಿ ಕಂಡರು. ಯಾವುದೇ ಏರಿಳಿತವನ್ನು ಸರಳವಾದ ಅಲೆಗಳ ಮೊತ್ತವಾಗಿ ಬಿಡಿಸಬಹುದೆಂಬುದು ಫೂರಿಯರನ ತತ್ತ್ವ. ಕಾಗದದ ಮೇಲೆ ಇದನ್ನು ಮಾಡಲು ದಿನಗಳು ಹಿಡಿದಾವು. ಮಸೂರವು ಇದನ್ನು, ಬೆಳಕು ಅದನ್ನು ದಾಟುವಷ್ಟರಲ್ಲಿ, ಇಡೀ ಚಿತ್ರಕ್ಕೆ ಒಂದೇ ಸಲ ಮಾಡಿ ಮುಗಿಸುತ್ತದೆ. ಚುಕ್ಕೆಗಳನ್ನು ಮರೆಮಾಡಿ ಬಿಂಬವನ್ನು ಬದಲಾಯಿಸಬಹುದಾದರೆ, ಬೇಕಾದ ಚುಕ್ಕೆಗಳನ್ನು ಮಾತ್ರ ಉಳಿಸಿ ಚಿತ್ರವನ್ನು ತಿದ್ದಬಹುದಲ್ಲವೆ? 1906ರಲ್ಲಿ ಪೋರ್ಟರ್ ಎಂಬ ಅಮೆರಿಕದ ವಿಜ್ಞಾನಿ ಅಬ್ಬೆಯ ಪ್ರಯೋಗವನ್ನು ವಿಸ್ತರಿಸಿ ತೋರಿಸಿದನು. ಹಾಲೆಂಡಿನ ಝೆರ್ನಿಕೆ ಎಂಬಾತ 1930ರ ದಶಕದಲ್ಲಿ ನಡುವಿನ ಚುಕ್ಕೆಯ ಬೆಳಕನ್ನು ತುಸು ಹಿಂದುಮುಂದು ಮಾಡಿ, ಬಣ್ಣ ಹಚ್ಚದೆಯೇ ಜೀವಕೋಶಗಳನ್ನು ಕಾಣುವ ಉಪಾಯವನ್ನು ಕಂಡುಹಿಡಿದು, 1953ರಲ್ಲಿ ನೊಬೆಲ್ ಪಾರಿತೋಷಕವನ್ನು ಪಡೆದನು. ಅದೇ 1953ರಲ್ಲಿ ಫ್ರಾನ್ಸಿನ ಮಾರೆಶಾಲನು ಮಸಕಾದ ಛಾಯಾಚಿತ್ರಗಳನ್ನು ಈ ದಾರಿಯಿಂದಲೇ ತಿಳಿಗೊಳಿಸಿದನು.

1960ರಲ್ಲಿ ಲೇಸರ್ ಬಂದ ಮೇಲೆ ಇದೊಂದು ಪ್ರತ್ಯೇಕ ಶಾಸ್ತ್ರವೇ ಆಯಿತು. ವಿಮಾನದಲ್ಲಿಟ್ಟ ರೇಡಾರು ನೆಲದಿಂದ ಹಿಡಿದು ತಂದ ಸಂಕೇತಗಳನ್ನು ಫಿಲ್ಮಿನ ಮೇಲೆ ಬರೆದು, ಅದನ್ನು ಮಸೂರಗಳ ಸಾಲಿನ ಮುಂದೆ ಹಾಯಿಸಿ ನೆಲದ ನಕ್ಷೆಯನ್ನು ಪಡೆಯುವ ಕೆಲಸವನ್ನು ಅಮೆರಿಕದ ಮಿಷಿಗನ್ ವಿಶ್ವವಿದ್ಯಾನಿಲಯದವರು 1950ರ ದಶಕದಲ್ಲಿಯೇ ಬೆಳೆಸಿದ್ದರು. 1978ರಲ್ಲಿ ಹಾರಿಬಿಟ್ಟ ಸೀಸ್ಯಾಟ್ ಉಪಗ್ರಹದ ರೇಡಾರಿನ ಚಿತ್ರಗಳು ಮೊದಲು ಸಿದ್ಧವಾದುದೂ ಬೆಳಕಿನಿಂದಲೇ. ಆಗಿನ ಗಣಕಯಂತ್ರಗಳಿಗೆ ಆ ವೇಗವಿರಲಿಲ್ಲ. ಗುಡ್‌ಮನ್ ಎಂಬವರು ಫೂರಿಯರ್ ದ್ಯುತಿಶಾಸ್ತ್ರವನ್ನು ಕುರಿತು 1968ರಲ್ಲಿ ಬರೆದ ಗ್ರಂಥ ಈ ವಿಷಯಕ್ಕೆ ಪಠ್ಯವೇ ಆಗಿ ನಿಂತಿದೆ. ಸಂಕೇತವು ಬರುತ್ತಿರುವಂತೆಯೇ, ಕೂಡಿಡದೆ, ಆಗಿಂದಾಗಲೇ ಅದನ್ನು ಬಿಡಿಸಬೇಕಾದಾಗ ಇನ್ನೊಂದು ಉಪಾಯವಿದೆ: ಸಂಕೇತವನ್ನು ಗಾಜಿನಂಥ ಹರಳಿನಲ್ಲಿ ಶಬ್ದದ ಅಲೆಯಾಗಿ ಹರಿಯಬಿಟ್ಟು, ಆ ಅಲೆಯನ್ನೇ ಅಬ್ಬೆಯ ಗೆರೆಗಳಂತೆ ಬಳಸಿ, ಅದರ ಮೂಲಕ ಬೆಳಕನ್ನು ಹಾಯಿಸುವುದು. ಶಬ್ದದ ಅಲೆಗಳಿಂದ ಬೆಳಕು ಹೇಗೆ ವಿವರ್ತನೆ ಹೊಂದುತ್ತದೆಂಬ ಸಿದ್ಧಾಂತವನ್ನು 1935-36ರಲ್ಲಿ ರೂಪಿಸಿದವರು ಸಿ. ವಿ. ರಾಮನ್ ಮತ್ತು ನಾಗೇಂದ್ರನಾಥ್. ರಾಮನ್ ಆಗ ಬೆಂಗಳೂರಿನ ಭಾರತೀಯ ವಿಜ್ಞಾನ ಮಂದಿರದಲ್ಲಿದ್ದರು. ಈ ಶಾಸ್ತ್ರದ ಗ್ರಂಥಗಳಲ್ಲಿ ರಾಮನ್-ನಾಥ್ ಎಂಬ ಜೋಡಿ ಹೆಸರನ್ನು ಕಂಡಾಗ ನಮಗೆ ಹೆಮ್ಮೆಯೆನಿಸಿದರೆ ತಪ್ಪಿಲ್ಲ. ಗಣಕಯಂತ್ರದ ವೇಗ ಹೆಚ್ಚಿದಂತೆಲ್ಲ ಮಸೂರಗಳ ಕೆಲಸದ ಬಹುಪಾಲನ್ನು ಅದು ಕಸಿದುಕೊಂಡಿತು, ನಿಜ. ಆದರೆ ಗಣಕವೂ ಮಾಡುವುದು ಬಿಡಿಸಿ, ಸೋಸಿ, ಕೂಡಿಸುವ ಅದೇ ಕೆಲಸವನ್ನು.

ಮತ್ತೆ ಯೇನಾಕ್ಕೆ ಬರೋಣ. ಝೈಸನ ಕಾರ್ಯಾಗಾರವು 1872ರಿಂದ ಅಬ್ಬೆಯ ಲೆಕ್ಕದಂತೆಯೇ ಮಸೂರಗಳನ್ನು ಮಾಡತೊಡಗಿತು. ಝೈಸನು ಆತನನ್ನು ಪಾಲುದಾರನನ್ನಾಗಿ ಮಾಡಿಕೊಂಡನು. 1871ರಲ್ಲಿ ತನ್ನ ಗುರುವಿನ ಮಗಳಾದ ಎಲ್ಸೆ ಸ್ನೆಲ್ ಎಂಬವಳನ್ನು ಅಬ್ಬೆ ಮದುವೆಯಾದನು, ಇಬ್ಬರು ಹೆಣ್ಣುಮಕ್ಕಳಾದರು. ಇದ್ದ ಗಾಜಿನಲ್ಲಿ ಇನ್ನು ಮುಂದಕ್ಕೆ ಹೋಗಲಾಗದೆಂದು ತಿಳಿದು, ಓಟೋ ಷಾಟ್ ಎಂಬ ತರುಣ ರಸಾಯನಜ್ಞನನ್ನು ಯೇನಾಕ್ಕೆ ಕರೆಸಿ, 1884ರಲ್ಲಿ ಗಾಜಿನ ಕಾರ್ಖಾನೆಯನ್ನು ತೆರೆಯಿಸಿದನು. ಬಣ್ಣದ ಅಂಚು ಬಹುಮಟ್ಟಿಗೆ ಇಲ್ಲದ ಮಸೂರಗಳು 1886ರಲ್ಲಿ ಹೊರಬಂದುವು. ಇದಕ್ಕೆ ಮೊದಲೇ, 1882ರಲ್ಲಿ, ರಾಬರ್ಟ್ ಕಾಖ್ ಕ್ಷಯರೋಗದ ಕ್ರಿಮಿಯನ್ನು ಪತ್ತೆಮಾಡಿದಾಗ ಬಳಸಿದುದು ಝೈಸ್ ಸೂಕ್ಷ್ಮದರ್ಶಕ. ಅದರಲ್ಲಿ ಬೆಳಕನ್ನು ಕೂಡಿಸುವ ಸಾಧನ ಅಬ್ಬೆಯ ರಚನೆ. ಸೂಕ್ಷ್ಮದರ್ಶಕದ ಸುಧಾರಣೆಗಳಿಗೆ ಪೇಟೆಂಟ್ ಪಡೆಯಲು ಆತ ಒಪ್ಪಲಿಲ್ಲ. ಅವು ರೋಗಗಳನ್ನು ಹುಡುಕುವವರ ಕೈಯ ಸಾಧನಗಳು, ಅವಕ್ಕೆ ಬೇಲಿ ಹಾಕಕೂಡದೆಂಬುದು ಆತನ ನಿಲುವು.

ಹಣ ಬಂತು. ಗಿರಣಿಯ ಕೂಲಿಯ ಮಗ ಸಿರಿವಂತನಾದನು. 1888ರಲ್ಲಿ ಝೈಸ್ ತೀರಿಕೊಂಡ ಮೇಲೆ ಕಾರ್ಖಾನೆಯ ಭಾರವೆಲ್ಲ ಅಬ್ಬೆಯ ಮೇಲೆ ಬಿತ್ತು. ಇಂಥ ಸ್ಥಿತಿಯಲ್ಲಿ ಮನುಷ್ಯರು ಸಾಧಾರಣವಾಗಿ ಏನು ಮಾಡುತ್ತಾರೆಂದು ನಾವು ಬಲ್ಲೆವು. ತಂದೆಯ ಕಷ್ಟವನ್ನು ಮರೆಯುತ್ತಾರೆ. ಇಲ್ಲವೆ, ಅದನ್ನು ನೆನೆದು ದಾನಧರ್ಮ ಮಾಡುತ್ತಾರೆ. ಅಬ್ಬೆ ಎರಡನ್ನೂ ಮಾಡಲಿಲ್ಲ. ಕಾರ್ಖಾನೆಯ ಲಾಭವು ಹಲವು ಕೈಗಳ, ಹಲವು ತಲೆಗಳ, ವಿಶ್ವವಿದ್ಯಾನಿಲಯವೆಂಬ ನೆರೆಮನೆಯ ಕೂಡುಗೆಲಸದಿಂದ ಬಂದುದು. ಅದನ್ನು ತನ್ನೊಬ್ಬನದೆಂದು ಎಣಿಸಲು ತನಗೆ ನ್ಯಾಯವಾದ ಅಧಿಕಾರವಿಲ್ಲವೆಂದು ಆತ ತರ್ಕಿಸಿದನು. ಮೊದಲು ತನ್ನ ಹೆಸರನ್ನು ತಿಳಿಸದೆ ವಿಶ್ವವಿದ್ಯಾನಿಲಯಕ್ಕೆ ಹಣ ಕೊಟ್ಟನು. 1889ರಲ್ಲಿ ಒಂದು ಪ್ರತಿಷ್ಠಾನವನ್ನು ಸ್ಥಾಪಿಸಿ, 1891ರಲ್ಲಿ ಎರಡು ಕಾರ್ಖಾನೆಗಳಲ್ಲಿ ತನಗಿದ್ದ ಪಾಲನ್ನು ಅದಕ್ಕೆ ಒಪ್ಪಿಸಿ, ತಾನು ಅದರ ಆಡಳಿತಗಾರರಲ್ಲಿ ಒಬ್ಬನಾಗಿ ಸಂಬಳಕ್ಕೆ ನಿಂತನು. ಪ್ರತಿಷ್ಠಾನಕ್ಕೆ ತನ್ನ ಹೆಸರನ್ನಿಡಲಿಲ್ಲ. ಕಾರ್ಲ್ ಝೈಸನ ಹೆಸರನ್ನಿಟ್ಟನು. ಅದು ಈಗಲೂ ಇದೆ. ಝೈಸ್, ಷಾಟ್ ಎರಡು ಸಂಸ್ಥೆಗಳ ಒಡೆತನವೂ ಅದರದೇ.

ಬಳಿಕ ಪ್ರತಿಷ್ಠಾನದ ನಿಬಂಧನೆಗಳನ್ನು ಬರೆಯಲು ಕುಳಿತನು. ಇದಕ್ಕೆ ವರ್ಷಗಳೇ ಹಿಡಿದುವು. 1896ರಲ್ಲಿ ಅವು ಜಾರಿಗೆ ಬಂದುವು. ಬಿಂಬ ಹೇಗೆ ಮೂಡುತ್ತದೆಂಬ ಗ್ರಂಥಕ್ಕೆ ಮೀಸಲಾಗಬೇಕಾಗಿದ್ದ ಕಾಲವು ಹೋದುದು ಇಲ್ಲಿಗೆ. ಕೆಲಸಗಾರನಿಗೆ ಸಂಬಳದೊಡನೆ ರಜೆ, ಕಾಯಿಲೆಯಲ್ಲಿ ನೆರವು, ಮುಪ್ಪಿನಲ್ಲಿ ಪಿಂಚಣಿ, ಲಾಭದಲ್ಲಿ ಪಾಲು, ತನ್ನ ತಪ್ಪಿಲ್ಲದೆ ಕೆಲಸ ಕಳೆದುಕೊಂಡರೆ ಪರಿಹಾರ, ಇವೆಲ್ಲ ಅದರಲ್ಲಿವೆ. ಹುಟ್ಟು, ಮತ, ರಾಜಕೀಯ ಪಕ್ಷಗಳನ್ನು ನೋಡಿ ಯಾರನ್ನೂ ಮೇಲೆ ಕೆಳಗೆ ಮಾಡಕೂಡದು. ಆಡಳಿತಗಾರರಲ್ಲಿ ಯಾರ ಸಂಬಳವೂ ಅನುಭವವುಳ್ಳ ಕೆಲಸಗಾರರ ಸರಾಸರಿ ಗಳಿಕೆಯ ಹತ್ತರಷ್ಟನ್ನು ಮೀರಕೂಡದು. ಈ ಕೊನೆಯ ಮಾತನ್ನು ಇಂದಿನ ಕಂಪೆನಿಗಳ ಲೆಕ್ಕಪತ್ರಗಳ ಪಕ್ಕದಲ್ಲಿಟ್ಟು ಓದುವ ಕುತೂಹಲ ಅರ್ಥಶಾಸ್ತ್ರದ ಗೆಳೆಯರಿಗೆ ಉಂಟಾದೀತು.

ಇವೆಲ್ಲವುಗಳಿಗಿಂತಲೂ ನನ್ನ ಮನಸ್ಸನ್ನು ಹಿಡಿದ ಸಂಗತಿಯೆಂದರೆ, ಅಬ್ಬೆ ಇವನ್ನು ಒಡೆಯನ ಕೃಪೆಯೆಂದು ಬರೆಯಲಿಲ್ಲ. ಕೆಲಸಗಾರನು ಕೈಕಟ್ಟಿ ನಿಂತು ಬೇಡಿ ಪಡೆಯುವ ವಸ್ತುಗಳಲ್ಲ ಇವು. ಕೊಡದಿದ್ದರೆ ನ್ಯಾಯಾಲಯಕ್ಕೆ ಹೋಗಿ ಪಡೆಯಬಹುದಾದ ಹಕ್ಕುಗಳು. ಐಸೆನಾಖಿನ ಗಿರಣಿಯಲ್ಲಿ ಮಗನ ಓದಿಗಾಗಿ ತಂದೆ ಋಣಿಯಾಗಿ ನಿಂತಿದ್ದನಲ್ಲ, ಅಂಥ ನಿಲುವು ಇನ್ನೊಬ್ಬ ತಂದೆಗೆ ಬರಬಾರದೆಂಬ ಛಲ ಆ ನಿಬಂಧನೆಗಳ ಒಣ ವಾಕ್ಯಗಳಲ್ಲಿ ಅಡಗಿದೆ. ಕೊರತೆಯೂ ಇತ್ತು, ಅದನ್ನು ಮುಚ್ಚಿಡಬೇಕಾಗಿಲ್ಲ. ಕೆಲಸಗಾರರ ಸಮಿತಿಗೆ ತನ್ನ ಅಭಿಪ್ರಾಯವನ್ನು ಹೇಳುವ ಅವಕಾಶವಿತ್ತೇ ಹೊರತು ತೀರ್ಮಾನಿಸುವ ಅಧಿಕಾರವಿರಲಿಲ್ಲ. ಹಕ್ಕುಗಳನ್ನು ಕೊಟ್ಟವನು ಅಧಿಕಾರವನ್ನು ಹಂಚಲು ಹಿಂಜರಿದನು.

1900ರ ಏಪ್ರಿಲಿನಲ್ಲಿ ಎಂಟು ಗಂಟೆಯ ದಿನ ಆರಂಭವಾಯಿತು. ಅದಕ್ಕೆ ಮುಂಚೆ ಒಂಬತ್ತು ಗಂಟೆಯಿತ್ತು. ಸಾವಿರಕ್ಕೂ ಹೆಚ್ಚು ಮಂದಿ ದುಡಿಯುತ್ತಿದ್ದ ಕಾರ್ಖಾನೆಯಲ್ಲಿ ಒಂದು ಗಂಟೆಯನ್ನು ಕಡಮೆ ಮಾಡಿದರೆ ನಷ್ಟವಾಗುವುದೆಂದು ಹೇಳುವವರಿಗೇನು ಕಡಮೆಯೆ? ಅಬ್ಬೆ ವಾದಕ್ಕೆ ಹೋಗಲಿಲ್ಲ. ಗಾಜಿನ ಮೇಲಿನ ಗೆರೆಗಳನ್ನು ಅಳೆದವನು ಇದನ್ನೂ ಅಳೆದನು. ತುಂಡುಗುತ್ತಿಗೆಯ ಮೇಲೆ ದುಡಿಯುವವರ ಒಂದು ವರ್ಷದ ಹಿಂದಿನ ಗಳಿಕೆಯನ್ನೂ ಒಂದು ವರ್ಷದ ಅನಂತರದ ಗಳಿಕೆಯನ್ನೂ ಕೆಲಸದ ಬಗೆಗೆ ತಕ್ಕಂತೆ ವಿಂಗಡಿಸಿ ಲೆಕ್ಕ ಹಾಕಿದನು. ಒಂಬತ್ತು ಗಂಟೆಯಲ್ಲಿ ಆಗುತ್ತಿದ್ದ ಕೆಲಸ ಎಂಟು ಗಂಟೆಯಲ್ಲಿ ಆಗಿ, ಸ್ವಲ್ಪ ಮಿಕ್ಕಿಯೂ ಇತ್ತು. ದಣಿದ ದೇಹವು ಯಂತ್ರದ ಮುಂದೆ ನಿಂತಿರುವ ಕೊನೆಯ ಗಂಟೆ ಯಾರಿಗೂ ಲಾಭವಲ್ಲವೆಂಬುದನ್ನು 1901ರ ಉಪನ್ಯಾಸಗಳಲ್ಲಿ ಆತನು ಅಂಕೆಸಂಖ್ಯೆಗಳೊಡನೆ ವಿವರಿಸಿದನು. ಕೈಗಾರಿಕೆಗಳಲ್ಲಿ ಎಂಟು ಗಂಟೆಯ ದಿನವನ್ನು ಕುರಿತ ಅಂತರರಾಷ್ಟ್ರೀಯ ಒಪ್ಪಂದ ಬಂದುದು 1919ರಲ್ಲಿ.

ಉಳಿದ ಗಂಟೆಗಳಲ್ಲಿ ಕೆಲಸಗಾರನು ಏನು ಮಾಡಬೇಕು? ಯೇನಾದಲ್ಲಿ ಪ್ರತಿಷ್ಠಾನದ ಹಣದಿಂದ ಜನರ ಮನೆಯೆಂಬ ದೊಡ್ಡ ಕಟ್ಟಡವೊಂದು ಎದ್ದು 1903ರಲ್ಲಿ ತೆರೆಯಿತು. ಅದರಲ್ಲಿ ಸಭಾಂಗಣವಿತ್ತು, ಪುಸ್ತಕ ಭಂಡಾರವಿತ್ತು, ಎಲ್ಲ ಪಕ್ಷಗಳ ವೃತ್ತಪತ್ರಿಕೆಗಳೂ ದೊರೆಯುವ ವಾಚನಾಲಯವಿತ್ತು. ಯಾರು ಬೇಕಾದರೂ ಬಂದು ಓದಬಹುದಾಗಿತ್ತು.

ಆ ಹೊತ್ತಿಗೆ ಅಬ್ಬೆ ಸೋತುಹೋಗಿದ್ದನು. ಕೆಲಸಗಾರರ ದಿನಕ್ಕೆ ಮಿತಿಯನ್ನು ಹಾಕಿದವನು ತನ್ನ ದಿನಕ್ಕೆ ಹಾಕಿಕೊಳ್ಳಲಿಲ್ಲ. ಪಾಠ, ವೇಧಶಾಲೆಯ ಮೇಲ್ವಿಚಾರಣೆ, ಎರಡು ಕಾರ್ಖಾನೆಗಳು, ನಿಬಂಧನೆಗಳು, ಇವುಗಳ ನಡುವೆ ಎಷ್ಟೋ ವರ್ಷಗಳಿಂದ ನಿದ್ದೆ ಹಾರಿಹೋ‌ಗಿ, ನಿದ್ದೆಯ ಔಷಧಗಳಿಗೆ ಶರೀರ ಒಗ್ಗಿಹೋಗಿತ್ತು. 1903ರಲ್ಲಿ ಆಡಳಿತದಿಂದ ನಿವೃತ್ತನಾದನು. 1905ರ ಜನವರಿ 14ರಂದು, ಅರವತ್ತೈದು ತುಂಬಲು ಒಂಬತ್ತು ದಿನಗಳಿರುವಾಗ, ಯೇನಾದಲ್ಲಿ ಕಣ್ಮುಚ್ಚಿದನು.

ಅಬ್ಬೆ ಹಾಕಿಕೊಟ್ಟ ಮಿತಿಯನ್ನು ದಾಟಿ, ಹೊಳೆಯುವ ಅಣುಗಳನ್ನು ಒಂದಾದ ಮೇಲೊಂದರಂತೆ ಬೆಳಗಿಸುವ ಉಪಾಯಗಳಿಂದ ಇನ್ನೂ ಸೂಕ್ಷ್ಮವಾದುದನ್ನು ಕಂಡುದಕ್ಕಾಗಿ 2014ರಲ್ಲಿ ಮೂವರಿಗೆ ರಸಾಯನಶಾಸ್ತ್ರದ ನೊಬೆಲ್ ಪಾರಿತೋಷಕ ಬಂತು. ಅವರಲ್ಲಿ ಒಬ್ಬನಾದ ಸ್ಟೆಫಾನ್ ಹೆಲ್ ಕೆಲಸ ಮಾಡುತ್ತಿದ್ದುದು ಅಬ್ಬೆ ಓದಿದ ಗಟಿಂಗೆನ್ನಿನಲ್ಲಿಯೇ. ಮಿತಿಯನ್ನು ಹೇಳುವ ಸೂತ್ರವನ್ನು ಯೇನಾದಲ್ಲಿ ಆತನ ಸ್ಮಾರಕಶಿಲೆಯ ಮೇಲೆ ಕೊರೆದಿದ್ದಾರೆ.

ಭರವಸೆಯಿತ್ತ ಗ್ರಂಥದ ಗತಿ ಏನಾಯಿತೆಂದು ಓದುಗರು ಕೇಳಬಹುದು. ಯೇನಾದಲ್ಲಿ ಆತನ ಪಾಠವನ್ನು ಕೇಳಿದ್ದ ಓಟೋ ಲುಮ್ಮರ್ ಎಂಬ ವಿಜ್ಞಾನಿಯು ಫ್ರಿಟ್ಸ್ ರೈಖೆ ಎಂಬವನ ಜೊತೆಗೂಡಿ, ಆ ಉಪನ್ಯಾಸಗಳ ಆಧಾರದ ಮೇಲೆ, ಸೂಕ್ಷ್ಮದರ್ಶಕದಲ್ಲಿ ಬಿಂಬ ಮೂಡುವ ಬಗೆಯನ್ನು ಗಣಿತದೊಡನೆ ವಿವರಿಸುವ ಪುಸ್ತಕವೊಂದನ್ನು 1910ರಲ್ಲಿ ಪ್ರಕಟಿಸಿದನು. ಅದರ ಹೆಸರಿನಲ್ಲಿ ಎರ್ನ್ಸ್ಟ್ ಅಬ್ಬೆಯ ಹೆಸರಿದೆ. 1873ರ ಭರವಸೆ ಹೀಗೆ ಮೂವತ್ತೇಳು ವರ್ಷಗಳ ಮೇಲೆ, ಶಿಷ್ಯನ ಕೈಯಿಂದ, ಅಚ್ಚಾಯಿತು.